ಜರಡಿ ಹಿಡಿದ ಧೂಳು

ಆ ಭಾನುವಾರ ಬೆಳಿಗ್ಗೆ ಈಜುಕೊಳದ ಹಿಂಬಾಗಿಲು ತೆಗೆದು ಒಳಗೆ ಹೋದವಳು ಪೊರಕೆ ಹಿಡಿದುಕೊಂಡು ನಿಂತಲ್ಲೇ ನಿಂತೆ. ನೆಲದ ತುಂಬ ಧೂಳು. ಕಾಲಿಟ್ಟರೆ ಅಚ್ಚು ಮೂಡುವಷ್ಟು ಧೂಳು.

ಹಿಂದಿನ ಭಾನುವಾರ ತಾನೇ ಗುಡಿಸಿ ಹೋಗಿದ್ದೆ. ಗುಡಿಸುವುದೆಂದರೆ ನಡುವೆ ಎರಡು ಸಲ ಪೊರಕೆ ಆಡಿಸಿ ಕೈ ತೊಳೆದುಕೊಳ್ಳುವುದಲ್ಲ. ಬೆಂಚಿನ ಅಡಿ, ಲಾಕರುಗಳ ಸಂದಿ, ಖಾಲಿ ಕೊಳದ ಮೆಟ್ಟಿಲು, ಎಲ್ಲ. ಒಂದು ವಾರದಲ್ಲಿ ಇಷ್ಟು ಧೂಳು ಬೀಳಬೇಕಾದರೆ ಚಾವಣಿಯೇ ಉದುರಿರಬೇಕು. ತಲೆಯೆತ್ತಿ ನೋಡಿದೆ. ಗಾಜಿನ ಚಾವಣಿ ನೆಟ್ಟಗೇ ಇತ್ತು.

ಆಮೇಲೆ ಅವನು ಕಾಣಿಸಿದ. ಡೈವಿಂಗ್ ಹಲಗೆಯ ಕೆಳಗೆ ಕುಕ್ಕರುಗಾಲಲ್ಲಿ ಕೂತು, ಅಡುಗೆಮನೆಯ ಜರಡಿಯೊಂದನ್ನು ಹಿಡಿದು, ಅದರ ಅಂಚಿಗೆ ಬೆರಳಿನಿಂದ ಮೆಲ್ಲಗೆ ತಟ್ಟುತ್ತ, ನನ್ನ ನೆಲದ ಮೇಲೆ ಧೂಳು ಉದುರಿಸುತ್ತಿದ್ದ. ಹಿಟ್ಟು ಜರಡಿ ಹಿಡಿಯುವವರಿಗೂ ಅಷ್ಟು ಶ್ರದ್ಧೆ ಇರುವುದಿಲ್ಲ.

“ಅಲ್ಲೇ ನಿಲ್ಲಿ!” ಎಂದು ಅರಚಿದ. “ಕಾಲಿಡಬೇಡಿ! ಹೆಜ್ಜೆ ಬೀಳುತ್ತೆ!”

ಬೇಡ ಎಂದದ್ದನ್ನು ಮಾಡುವುದು ನನ್ನ ಹುಟ್ಟುಗುಣ. ಈ ಮೂಲೆಯಿಂದ ಆ ಮೂಲೆಗೆ ಓರೆಯಾಗಿ, ಒಂದೊಂದೇ ಹೆಜ್ಜೆ ಊರಿ ಊರಿ ನಡೆದೆ. ಹತ್ತಿರ ಹೋಗಿ ನಿಂತಾಗ ಅವನ ಮುಖ ಇನ್ನೇನು ಅಳುವ ಹಾಗಿತ್ತು.

“ಎರಡು ದಿನದ ಕೆಲಸ ಕಣ್ರೀ,” ಎಂದ.

“ಏನು ಕೆಲಸ?”

“ಧೂಳು ಹಾಕೋದು.”

ಸಿಟ್ಟು ಬರಬೇಕಾದಲ್ಲಿ ನಗು ಬಂದರೆ ನನಗೆ ಇನ್ನಷ್ಟು ಸಿಟ್ಟು ಬರುತ್ತದೆ. “ತಲೆಗಿಲೆ ಕೆಟ್ಟಿದೆಯಾ? ಜನ ಧೂಳು ತೆಗೀತಾರೆ. ನೀವು ಹಾಕ್ತಿದೀರಾ?”

ಅವನು ಎದ್ದು ಪ್ಯಾಂಟು ಕೊಡವಿಕೊಂಡ. ಆ ಧೂಳೂ ನನ್ನ ನೆಲಕ್ಕೇ ಬಿತ್ತು. ತಾನು ಚಿತ್ರ ಬರೆಯುವವನು, ಸಿನಿಮಾನೂ ಮಾಡುತ್ತೇನೆ, ಊರು ಮರೆತುಬಿಟ್ಟ ಜಾಗಗಳನ್ನು ಹುಡುಕಿಕೊಂಡು ಹೋಗುವುದೇ ತನ್ನ ಕೆಲಸ ಎಂದ. “ಹನ್ನೊಂದು ವರ್ಷದಿಂದ ಮುಚ್ಚಿರೋ ಈಜುಕೊಳ ಅಂತ ಎಷ್ಟು ಆಸೆಯಿಂದ ಬಂದೆ ಗೊತ್ತಾ? ಒಳಗೆ ಬಂದು ನೋಡಿದ್ರೆ ಒಂದು ಚೂರು ಧೂಳಿಲ್ಲ. ಒಂದು ಜೇಡರಬಲೆ ಇಲ್ಲ. ಕ್ಯಾಮೆರಾಗೆ ಏನೂ ಸಿಗ್ಲಿಲ್ಲ. ಅದಕ್ಕೇ ತಂದೆ.”

“ಎಲ್ಲಿಂದ ತಂದ್ರಿ?”

“ಒಂದು ಹಳೇ ಪ್ರಿಂಟಿಂಗ್ ಪ್ರೆಸ್ಸಿಂದ. ಹೋದ ವರ್ಷ ಅಲ್ಲಿ ಶೂಟ್ ಮಾಡಿದ್ದೆ. ಒಳ್ಳೆ ಧೂಳು. ಮೂರು ಸಲ ಜರಡಿ ಹಿಡಿದಿದೀನಿ.”

ಒಳ್ಳೆ ಧೂಳು ಎಂಬ ಮಾತನ್ನು ನಾನು ಜೀವನದಲ್ಲಿ ಮೊದಲ ಸಲ ಕೇಳಿದ್ದು ಆವತ್ತು.

ಜೇಬಿನಿಂದ ಒಂದು ಕಾಗದ ತೆಗೆದು ತೋರಿಸಿದ. ಮೂರು ತಿಂಗಳ ಪರವಾನಗಿ, ಮೊಹರು, ಸಹಿ, ಎಲ್ಲ ಇತ್ತು. ಕೆಳಗೆ ಇನ್ನೊಂದು ಸಾಲೂ ಇತ್ತು. ವರ್ಷದ ಕೊನೆಗೆ ಕಟ್ಟಡ ಕೆಡವಿ ವಾಹನ ನಿಲ್ದಾಣ ಮಾಡಲಾಗುವುದು. ಆ ಸಾಲನ್ನು ಎರಡು ಸಲ ಓದಿದೆ. ಆ ಕಾಗದದ ಮೇಲಿನ ಸಿಟ್ಟೂ ಅವನ ಮೇಲೇ ಹೋಯಿತು. ಎದುರಿಗೆ ಇದ್ದವನು ಅವನೊಬ್ಬನೇ ತಾನೇ.

“ನಿಮ್ಮ ಹತ್ರ ಪರವಾನಗಿ ಇದೆಯಾ?” ಎಂದು ಕೇಳಿದ.

“ನನ್ನ ಹತ್ರ ಪೊರಕೆ ಇದೆ,” ಎಂದೆ.

*

ನನ್ನದು ಬೀಗ ರಿಪೇರಿ, ಕೀ ಮಾಡಿಕೊಡುವ ಅಂಗಡಿ. ಸೋದರಮಾವ ಕಲಿಸಿದ ಕೆಲಸ. ಅಮ್ಮ ಇದೇ ಈಜುಕೊಳದ ಲಾಕರ್ ಕೋಣೆಯಲ್ಲಿ ಇಪ್ಪತ್ತಾರು ವರ್ಷ ಇದ್ದವಳು. ನೂರ ಎಂಬತ್ತನಾಲ್ಕು ಲಾಕರ್, ನೂರ ಎಂಬತ್ತನಾಲ್ಕು ಕೀ, ಗುಡಿಸುವುದೂ ಅವಳೇ. ಕೊಳ ಮುಚ್ಚಿದ ದಿನ ಆಫೀಸಿನವರು ಮುಂಬಾಗಿಲ ಕೀ ಮಾತ್ರ ಕೇಳಿ ಇಸಿದುಕೊಂಡರು. ಲಾಕರಿನ ಕೀಗಳನ್ನು ಯಾರೂ ಕೇಳಲಿಲ್ಲ. ಹಿಂಬಾಗಿಲಿಗೆ ನಾನೊಂದು ನಕಲಿ ಕೀ ಮಾಡಿಟ್ಟಿದ್ದು ಯಾರಿಗೂ ಗೊತ್ತಿರಲಿಲ್ಲ.

ಮಾರನೇ ದಿನದಿಂದಲೇ ಅಮ್ಮ ಹೋಗಿ ಗುಡಿಸತೊಡಗಿದಳು. “ಮುಚ್ಚಿದ್ರೆ ಏನಾಯ್ತು? ಕಸ ಬೀಳೋದು ನಿಲ್ಲುತ್ತಾ?” ಅವಳ ಮಂಡಿ ಕೈಕೊಟ್ಟ ಮೇಲೆ ಆ ಕೆಲಸ ನನ್ನ ಪಾಲಿಗೆ ಬಂತು. ಭಾನುವಾರ ಬೆಳಿಗ್ಗೆ ಏಳಕ್ಕೆ ಹೋಗಿ ಗುಡಿಸಿ ಬರಬೇಕು. ಬಂದ ಮೇಲೆ ವರದಿ ಒಪ್ಪಿಸಬೇಕು. ಮೂಲೆ ಆಯ್ತಾ? ಆಯ್ತಮ್ಮ. ಬೆಂಚಿನ ಅಡಿ? ಆಯ್ತಮ್ಮ.

ಆವತ್ತು ನಡೆದದ್ದನ್ನು ಹೇಳಿದಾಗ ಅಮ್ಮ ಬಿದ್ದುಬಿದ್ದು ನಕ್ಕಳು. “ಧೂಳು ಹಾಕೋಕೆ ಪರವಾನಗಿ ಕೊಟ್ಟಿದಾರಾ? ಒಳ್ಳೆ ಧೂಳಪ್ಪ ಸಿಕ್ಕಿದ ಬಿಡು.” ಆ ಹೆಸರೇ ನಿಂತಿತು. ಕೆಡವುವ ವಿಷಯ ಹೇಳಿದಾಗ ಮಾತ್ರ ನಗಲಿಲ್ಲ. “ಗೊತ್ತು. ಅಲ್ಲೀವರೆಗೂ ಗುಡಿಸೋಣ.”

ಧೂಳಪ್ಪ ಮೂರನೇ ದಿನ ನನ್ನ ಅಂಗಡಿ ಹುಡುಕಿಕೊಂಡು ಬಂದ. ಲಾಕರುಗಳಿಗೆಲ್ಲ ಬೀಗ ಇದೆ, ಒಡೆಯಲು ಮನಸ್ಸು ಬರುತ್ತಿಲ್ಲ, ಕೀ ನಿಮ್ಮ ಮನೆಯಲ್ಲಿದೆಯಂತೆ ಎಂದ. ಕೈಯಲ್ಲಿದ್ದ ಕೀ ಉಜ್ಜುವ ಅರ ಕೆಳಗಿಟ್ಟು ಅವನನ್ನು ನೋಡಿದೆ.

“ಒಂದು ಷರತ್ತು. ಶೂಟಿಂಗ್ ಮುಗಿದ ಮೇಲೆ ಹಾಕಿದ ಧೂಳನ್ನ ನೀವೇ ಗುಡಿಸಬೇಕು. ಪ್ರತಿ ದಿನ.”

“ಪ್ರತಿ ದಿನ ಗುಡಿಸಿ, ಪ್ರತಿ ದಿನ ಮತ್ತೆ ಹಾಕೋದಾ?”

“ಹಾಕೋದು ನಿಮ್ಮ ಕಲೆ. ಗುಡಿಸೋದು ನನ್ನ ಷರತ್ತು.”

ಒಪ್ಪಿಕೊಂಡ. ಮುಂಬಾಗಿಲು ತೆಗೆಸಲು ಅವನು ದಿನಾ ಆಫೀಸಿಗೆ ಅಲೆಯುತ್ತಿದ್ದ. ನಾನು ಅವನಿಗೂ ಒಂದು ಹಿಂಬಾಗಿಲ ಕೀ ಮಾಡಿಕೊಟ್ಟೆ. ಯಾಕೆ ಕೊಟ್ಟೆ ಎಂದು ಅಮ್ಮ ಕೇಳಿದಾಗ, ಪ್ರತಿ ಸಲ ಬಾಗಿಲು ತೆಗೆಯಲು ನನಗೇನು ಬೇರೆ ಕೆಲಸವಿಲ್ಲವೇ ಎಂದು ರೇಗಿದೆ. ಆಮೇಲೆ ಪ್ರತಿ ಸಲವೂ ನಾನೇ ಹೋದೆ.

ಅವನಿಗೆ ಪೊರಕೆ ಹಿಡಿಯಲು ಬರುತ್ತಿರಲಿಲ್ಲ. ಬಣ್ಣ ಬಳಿಯುವವನ ಹಾಗೆ ಆಚೆಗೊಮ್ಮೆ ಈಚೆಗೊಮ್ಮೆ ಎಳೆಯುತ್ತಿದ್ದ. ಮೂಲೆ ಬಂದರೆ ಅದನ್ನು ಬಿಟ್ಟು ಗುಂಡಗೆ ತಿರುಗಿಬಿಡುತ್ತಿದ್ದ. “ಮೂಲೆ!” ಎಂದು ನಾನು ಕೂಗುತ್ತಿದ್ದೆ. “ಮೂಲೆ ಕ್ಯಾಮೆರಾದಲ್ಲಿ ಕಾಣಲ್ಲ,” ಎನ್ನುತ್ತಿದ್ದ. “ನನ್ನ ಕಣ್ಣಿಗೆ ಕಾಣುತ್ತೆ,” ಎನ್ನುತ್ತಿದ್ದೆ. ಆ ಜರಡಿ ಅವರಮ್ಮನ ಅಡುಗೆಮನೆಯದು, ಅವರಿಗಿನ್ನೂ ಗೊತ್ತಿಲ್ಲ ಎಂದು ಒಂದು ದಿನ ಬಾಯಿಬಿಟ್ಟ. ಅದಾದ ಮೇಲೆ ನನ್ನ ಕೈಯಲ್ಲಿ ಒಂದು ಆಯುಧವಾಯಿತು.

ಒಂದು ಕಣ್ಣು ಮುಚ್ಚಿ ನೋಡುವವನು ಅವನು. ಕ್ಯಾಮೆರಾದ ಹಿಂದೆ ಯಾವಾಗಲೂ ಒಂದೇ ಕಣ್ಣು ಕೆಲಸ ಮಾಡುತ್ತಿತ್ತು. ಹಾಗಿರುವಾಗ ನನಗೇನೂ ಆಗುತ್ತಿರಲಿಲ್ಲ. ಲಾಕರ್ ತೆಗೆಯುವುದು, ಬಯ್ಯುವುದು, ಎಲ್ಲ ಸಲೀಸು. ಅವನು ಕ್ಯಾಮೆರಾ ಇಳಿಸಿ ಎರಡೂ ಕಣ್ಣು ತೆರೆದು ನೋಡಿದಾಗ ಮಾತ್ರ ಕೈಯಲ್ಲಿದ್ದ ಕೀ ಬೀಗದ ಬಾಯಿಗೆ ಹೋಗುತ್ತಿರಲಿಲ್ಲ. ಇಪ್ಪತ್ತು ವರ್ಷದಿಂದ ಕೀ ಹಾಕುವವಳ ಕೈ ಅದು! ನನ್ನ ಮೇಲೇ ನನಗೆ ಸಿಟ್ಟು ಬರುತ್ತಿತ್ತು.

“ಏನು ನೋಡ್ತಿದೀರಿ?”

“ಫೋಕಸ್ ಚೆಕ್ ಮಾಡ್ತಿದೀನಿ.”

“ಕ್ಯಾಮೆರಾ ಕೆಳಗಿದೆ.”

“ಅದಕ್ಕೇ ಸರಿಯಾಗಿ ಕಾಣ್ತಿದೆ.”

ಅಮ್ಮನನ್ನು ಒಂದು ದಿನ ಕರೆದುಕೊಂಡು ಹೋದೆ. ಒಳ್ಳೆಯ ಬಟ್ಟೆ ಹಾಕಿಕೊಂಡು, ಮಂಡಿಗೆ ಪಟ್ಟಿ ಕಟ್ಟಿಕೊಂಡು ಬಂದಳು. ಬೆಂಚಿನ ಮೇಲೆ ಕೂತು ಆರು ಗಂಟೆ ಮಾತಾಡಿದಳು. ನಾನು ಒಂದೊಂದೇ ಲಾಕರ್ ತೆಗೆಯುವುದು, ಅವಳು ಅದು ಯಾರದೆಂದು ಹೇಳುವುದು. ಕಲ್ಲಾದ ಸೋಪು, ಹಲ್ಲು ಮುರಿದ ಬಾಚಣಿಗೆ, ಒಂದೇ ಒಂದು ಕಿವಿಯೋಲೆ. ಅರವತ್ತೊಂದರಲ್ಲಿ ಎಂಟು ಮಡಿಕೆ ಮಡಿಸಿದ ಗಣಿತದ ಉತ್ತರಪತ್ರಿಕೆ ಸಿಕ್ಕಿತು. ನೂರಕ್ಕೆ ಒಂಬತ್ತು. ಅಮ್ಮ ಚಪ್ಪಾಳೆ ತಟ್ಟಿ ನಕ್ಕಳು. “ಅಯ್ಯೋ, ಆ ಜಡೆ ಹುಡುಗೀದು! ಅಪ್ಪನ ಕೈಗೆ ಸಿಗಬಾರ್ದು ಅಂತ ನನ್ನ ಹತ್ರ ಇಟ್ಟಿದ್ಲು. ಯಾರಿಗೂ ಹೇಳಲ್ಲ ಅಂತ ಮಾತು ಕೊಟ್ಟಿದ್ದೆ.” ಆಮೇಲೆ ಕ್ಯಾಮೆರಾ ಕಡೆ ತಿರುಗಿ, “ಏನಪ್ಪಾ, ಇದನ್ನ ತೆಗೆದುಹಾಕು,” ಎಂದಳು. ಅವನು ಆಗಲಿ ಅಮ್ಮಾ ಎಂದ. ಅವನ ಆ ‘ಅಮ್ಮಾ’ ಕೇಳಿ ನನಗೆ ಏನೋ ಆಯಿತು. ಏನೆಂದು ಗೊತ್ತಿತ್ತು, ಒಪ್ಪಿಕೊಳ್ಳಲು ಹೋಗಲಿಲ್ಲ.

ಆವತ್ತು ಗುಡಿಸುತ್ತ ಅವನೂ ಒಂದು ಮಾತು ಹೇಳಿದ. ಅವನು ಹುಟ್ಟಿ ಬೆಳೆದ ಬೀದಿ ಈಗಿಲ್ಲವಂತೆ, ಅದರ ಮೇಲೆ ದೊಡ್ಡ ರಸ್ತೆ ಹೋಗಿದೆಯಂತೆ. “ನಮ್ಮನೆ ಬಾಗಿಲು ಹಸಿರಿತ್ತೋ ನೀಲಿ ಇತ್ತೋ ಅಂತ ಅಮ್ಮನೂ ನಾನೂ ಇವತ್ತಿಗೂ ಜಗಳ ಆಡ್ತೀವಿ. ಒಂದು ಫೋಟೋ ಇಲ್ಲ.”

“ಕೀ ಹೇಗಿತ್ತು?”

“ಕೀ?”

“ಬಾಗಿಲಂದ್ರೆ ಕೀ ಇರುತ್ತಲ್ವಾ?”

ಅವನು ಯೋಚಿಸಿದ. “ಉದ್ದ ಇತ್ತು. ನನ್ನ ಅಂಗೈಯಷ್ಟು. ಎರಡೇ ಹಲ್ಲು, ಒಂದು ಅಗಲ, ಒಂದು ಸಣ್ಣದು. ಹಿಡಿ ಸ್ವಲ್ಪ ಸೊಟ್ಟಗಿತ್ತು. ಒಂದ್ಸಲ ನಾನೇ ಅದರಲ್ಲಿ ಮೊಳೆ ಹೊಡೆಯೋಕೆ ಹೋಗಿದ್ದೆ.”

ಅದನ್ನು ಮನಸ್ಸಿನಲ್ಲಿ ಬರೆದುಕೊಂಡೆ. ಮುಂದಿನ ಎರಡು ವಾರ ಅಂಗಡಿಯಲ್ಲಿ ಗಿರಾಕಿ ಇಲ್ಲದಾಗೆಲ್ಲ ಒಂದು ಹಳೆಯ ಕಬ್ಬಿಣದ ಕೀಯನ್ನು ಇಕ್ಕಳಕ್ಕೆ ಸಿಕ್ಕಿಸಿ ಅರ ಹಾಕಿದೆ. ಒಂದು ಅಗಲ ಹಲ್ಲು, ಒಂದು ಸಣ್ಣ ಹಲ್ಲು. ಕೊನೆಗೆ ಹಿಡಿಗೆ ಸುತ್ತಿಗೆಯಿಂದ ಒಂದೇಟು ಕೊಟ್ಟು ಸೊಟ್ಟ ಮಾಡಿದೆ. ಸಿನಿಮಾ ತೋರಿಸುವ ದಿನ ಕೊಡೋಣ ಎಂದು ಚೀಲದಲ್ಲಿಟ್ಟುಕೊಂಡೆ.

*

ಸಿನಿಮಾ ತೋರಿಸಿದ್ದು ಒಂದು ಕಲಾಶಾಲೆಯ ಮಹಡಿಯ ಮೇಲೆ. ಎಂಬತ್ತು ಕುರ್ಚಿ, ಎಲ್ಲ ಭರ್ತಿ. ಅಮ್ಮ ಅದೇ ಒಳ್ಳೆಯ ಬಟ್ಟೆಯಲ್ಲಿ ಬಂದಿದ್ದಳು. “ನನ್ನ ಮುಖ ಎಷ್ಟು ದೊಡ್ಡದಾಗಿ ಕಾಣುತ್ತೇನೋ!” ಎಂದು ದಾರಿಯುದ್ದಕ್ಕೂ ಚಿಂತೆ ಮಾಡಿದಳು.

ಚಿಂತೆಗೆ ಕಾರಣವೇ ಇರಲಿಲ್ಲ. ಅವಳ ಮುಖ ಇರಲೇ ಇಲ್ಲ.

ಧೂಳಿತ್ತು. ನಲವತ್ತು ನಿಮಿಷ ಧೂಳು. ಗಾಜಿನ ಚಾವಣಿಯಿಂದ ಇಳಿಯುವ ಬೆಳಕು, ಅದರಲ್ಲಿ ತೇಲುವ ಧೂಳು, ಕೊಳದ ನೀಲಿ ಟೈಲುಗಳ ಮೇಲೆ ಧೂಳು, ತೆರೆದ ಲಾಕರುಗಳ ಒಳಗೆ ಧೂಳು. ಚೆಂದವೇ ಇತ್ತು, ಸುಳ್ಳು ಯಾಕೆ ಹೇಳಲಿ. ಹಿನ್ನೆಲೆಯಲ್ಲಿ ಅವನದೇ ದನಿ: “ಹನ್ನೊಂದು ವರ್ಷದಿಂದ ಇಲ್ಲಿಗೆ ಯಾರೂ ಬಂದಿಲ್ಲ. ಈ ಕೀಗಳು ಯಾರವೆಂದು ಯಾರಿಗೂ ನೆನಪಿಲ್ಲ.”

ನನ್ನ ಕಿವಿ ಬಿಸಿಯಾಯಿತು. ಅಮ್ಮನ ಕಡೆ ನೋಡಿದೆ. ಅವಳು ಪರದೆಯನ್ನೇ ನೋಡುತ್ತಿದ್ದಳು, ಈಗ ಬರುತ್ತೇನೆ, ಇನ್ನೇನು ಬರುತ್ತೇನೆ ಎಂದು.

ದೀಪ ಹತ್ತಿದ ಮೇಲೆ ಹಿಂದಿನ ಸಾಲಿನ ಹೆಂಗಸೊಬ್ಬರು ಅಮ್ಮನ ಭುಜ ಮುಟ್ಟಿದರು. ಹಿಂದೆ ದಿನಾ ಈಜಲು ಬರುತ್ತಿದ್ದವರು. “ನೀವೇ ಅಲ್ವಾ ಲಾಕರ್ ರೂಮಲ್ಲಿದ್ದಿದ್ದು? ಎಷ್ಟು ಚೊಕ್ಕವಾಗಿ ಇಟ್ಕೊಂಡಿದ್ರಿ! ನೀವು ಹೋದ್ಮೇಲೆ ಗುಡಿಸೋರೇ ಇಲ್ಲ ನೋಡಿ. ಪಾಪ.”

ಅಮ್ಮ ತನ್ನ ಎರಡೂ ಕೈಗಳನ್ನು ಮಡಿಲಲ್ಲಿ ಒಂದರೊಳಗೊಂದು ಬಚ್ಚಿಟ್ಟುಕೊಂಡಳು. ಆ ಕೈಗಳನ್ನು ನಾನು ಇವತ್ತಿಗೂ ಮರೆತಿಲ್ಲ.

ಆಗ ಮುಂದಿನ ಸಾಲಿನ ಕನ್ನಡಕದವರು ಎದ್ದು ಪ್ರಶ್ನೆ ಕೇಳಿದರು. “ಮೊದಲನೇ ಶಾಟಿನಲ್ಲಿ ಧೂಳಿನ ಮೇಲೆ ಓರೆಯಾಗಿ ಹೆಜ್ಜೆಗಳಿವೆಯಲ್ಲ, ಅದ್ಭುತ. ಅವು ಯಾರವು?”

ಧೂಳಪ್ಪ ಮೈಕು ಎತ್ತಿಕೊಂಡ. ನಾವು ಕೂತ ಕಡೆ ನೋಡಿದ, ಕಣ್ಣು ತಪ್ಪಿಸಿದ. “ಅದು... ಗೊತ್ತಿಲ್ಲ. ಅದನ್ನ ಪ್ರೇಕ್ಷಕರಿಗೇ ಬಿಡೋಣ.”

ನಾನು ಎದ್ದು ನಿಂತೆ. ಅಮ್ಮ ಕೈ ಹಿಡಿದು ಎಳೆದಳು. ಕೊಸರಿಕೊಂಡೆ.

“ನನ್ನವು,” ಎಂದೆ. ಮೈಕು ಬೇಕಾಗಲಿಲ್ಲ. “ಆರನೇ ಸೈಜು. ಬೇಕಾದ್ರೆ ಚಪ್ಪಲಿ ಬಿಚ್ಚಿ ತೋರಿಸ್ತೀನಿ. ಆ ಧೂಳು ಅಲ್ಲೀದಲ್ಲ. ಪ್ರಿಂಟಿಂಗ್ ಪ್ರೆಸ್ಸಿಂದ ಮೂಟೆ ಕಟ್ಟಿ ತಂದಿದ್ದು. ಅವರಮ್ಮನ ಜರಡೀಲಿ ಜರಡಿ ಹಿಡಿದು ಹಾಕಿದ್ದು. ಹನ್ನೊಂದು ವರ್ಷದಿಂದ ಆ ನೆಲ ಒಂದು ವಾರಾನೂ ಗುಡಿಸದೇ ಇದ್ದಿಲ್ಲ. ಇಲ್ಲಿ ಕೂತಿದಾಳಲ್ಲ ನಮ್ಮಮ್ಮ, ಇವಳು ಗುಡಿಸಿದ್ದು. ಇವಳ ಮಂಡಿ ಸವೆದ ಮೇಲೆ ನಾನು. ನೂರ ಎಂಬತ್ತನಾಲ್ಕು ಕೀ ಯಾರ್ಯಾರವು ಅಂತ ಇವಳು ಆರು ಗಂಟೆ ಕೂತು ಹೇಳಿದಾಳೆ. ಅದನ್ನೆಲ್ಲ ಕೇಳಿಸ್ಕೊಂಡು, ಅಮ್ಮಾ ಅಮ್ಮಾ ಅಂತ ಕರೆದು, ಈಗ ಯಾರಿಗೂ ನೆನಪಿಲ್ಲವಂತೆ!”

ಕನ್ನಡಕದವರು ಮೆಲ್ಲಗೆ ಕೂತರು.

ಅವನು ಮೆಟ್ಟಿಲ ತನಕ ನಮ್ಮ ಹಿಂದೆ ಓಡಿಬಂದ. “ಒಂದು ನಿಮಿಷ ಕೇಳಿ. ಒಬ್ಬ ಮನುಷ್ಯ ಫ್ರೇಮಿಗೆ ಬಂದ್ರೂ ಅದು ಮರೆತ ಜಾಗ ಆಗಲ್ಲ. ಸಿನಿಮಾನೇ ನಿಲ್ಲಲ್ಲ. ಅಮ್ಮನ್ನ ಹಾಕಿ ಎಂಟು ಸಲ ಎಡಿಟ್ ಮಾಡಿದೆ...”

“ನಿಲ್ಲದೇ ಇದ್ರೆ ಬೀಳಲಿ!”

ಈಗ ಅವನಿಗೂ ರೇಗಿತು. “ನೀವು ಗುಡಿಸಿ ಗುಡಿಸಿ ಹನ್ನೊಂದು ವರ್ಷದ ಗುರುತನ್ನೇ ಅಳಿಸಿದೀರಿ. ಅದು ತಪ್ಪಲ್ವಾ? ಕಾಲ ಹೋಗಿದ್ದು ಎಲ್ಲೂ ಕಾಣಬಾರ್ದಾ?”

“ಕಾಲ ಹೋಗಿದ್ದು ನೋಡಬೇಕಾ? ನೋಡು ಇಲ್ಲಿ,” ಎಂದು ಅಮ್ಮನ ಮಂಡಿ ತೋರಿಸಿದೆ. ನೀವು ಎಂಬುದು ಉದುರಿಹೋದದ್ದು ಆಗಲೇ. “ಇದು ನಿನ್ನ ಕ್ಯಾಮೆರಾಗೆ ಕಾಣ್ಲಿಲ್ಲ. ಎಲ್ಲಿಂದಲೋ ಧೂಳು ಹೊತ್ಕೊಂಡು ಬಂದೆ.”

ನಾವು ಮೆಟ್ಟಿಲಿಳಿದೆವು.

ಚೀಲದಲ್ಲಿದ್ದ ಕೀಯನ್ನು ಮಾರನೇ ದಿನ ಅಂಗಡಿಯ ಗೋಡೆಯ ಮೊಳೆಗೆ ನೇತುಹಾಕಿದೆ. ಎಸೆಯಬೇಕೆಂದಿದ್ದೆ. ಒಳ್ಳೆಯ ಕಬ್ಬಿಣ ಎಂದು ನನಗೆ ನಾನೇ ಹೇಳಿಕೊಂಡೆ. ಸಂಜೆ ಹೋಗಿ ಈಜುಕೊಳದ ಹಿಂಬಾಗಿಲ ಬೀಗ ಬದಲಾಯಿಸಿದೆ. ಹೌದು, ನನ್ನದಲ್ಲದ ಕಟ್ಟಡಕ್ಕೆ ನಾನು ಹೊಸ ಬೀಗ ಹಾಕಿದೆ. ಅವನ ಕೈಯಲ್ಲಿದ್ದ ಕೀ ಇನ್ನು ಬೆನ್ನು ತುರಿಸಿಕೊಳ್ಳಲಷ್ಟೇ ಉಪಯೋಗಕ್ಕೆ ಬರಲಿ ಎಂಬುದು ನನ್ನ ಆಸೆಯಾಗಿತ್ತು.

*

ಆ ಭಾನುವಾರ ಪೊರಕೆ ತೆಗೆದುಕೊಂಡು ಹೊರಟಾಗ ಅಮ್ಮ ಹಾಸಿಗೆಯಿಂದಲೇ ಹೇಳಿದಳು, “ಬೇಡ ಬಿಡು. ಸಾಕು.”

“ಏನು ಸಾಕು?”

“ಗುಡಿಸಿದ್ದು. ಹೇಗಿದ್ರೂ ಕೆಡವ್ತಾರೆ. ಯಾರಿಗೆ ಬೇಕಾಗಿದೆ?” ಎಂದು ಗೋಡೆ ಕಡೆ ತಿರುಗಿ ಮಲಗಿದಳು.

ಇಪ್ಪತ್ತಾರೂ ಹನ್ನೊಂದೂ ಸೇರಿ ಮೂವತ್ತೇಳು ವರ್ಷ ಬೇಡ ಎನ್ನದವಳ ಬಾಯಲ್ಲಿ ಆ ಮಾತು ಬಂತು. ಅವನನ್ನು ಸಾಯುವ ತನಕ ಕ್ಷಮಿಸುವುದಿಲ್ಲ ಎಂದುಕೊಂಡೆ. ನನಗಾದದ್ದನ್ನು ಹೇಗೋ ನುಂಗಿಕೊಳ್ಳುತ್ತಿದ್ದೆ. ಮೂರು ತಿಂಗಳು ಎರಡೂ ಕಣ್ಣಿನಿಂದ ನೋಡಿ ಆಮೇಲೆ ಗೊತ್ತಿಲ್ಲ ಎನ್ನುವ ಗಂಡಸು, ಹೋಗಲಿ. ಅಮ್ಮನ ಕೈಯಿಂದ ಪೊರಕೆ ಕಿತ್ತುಕೊಂಡದ್ದನ್ನು ಹೇಗೆ ನುಂಗಲಿ?

ಒಳಗೆ ಹೋಗುವುದನ್ನು ಬಿಟ್ಟರೂ, ಬೀಗ ಭದ್ರವಾಗಿದೆಯೇ ಎಂದು ನೋಡಲು ಭಾನುವಾರ ಹೋಗುತ್ತಿದ್ದೆ. ಕಸುಬಿನ ಚಟ. ಎರಡನೇ ಭಾನುವಾರ ಹಿಂಬಾಗಿಲ ಮೆಟ್ಟಿಲು ಗುಡಿಸಿದ್ದು ಕಂಡಿತು. ಆಚೆಗೊಮ್ಮೆ ಈಚೆಗೊಮ್ಮೆ ಎಳೆದ ಗೆರೆಗಳು. ಮೂಲೆಯಲ್ಲಿ ಗುಂಡಗೆ ತಿರುಗಿ ಬಿಟ್ಟುಹೋದ ಕಸ. ನೋಡಿದ ಕೂಡಲೇ ಗೊತ್ತಾಯಿತು. ಮೂರನೇ ಭಾನುವಾರವೂ ಹಾಗೇ. ಎದೆಯಲ್ಲಿ ಏನೋ ಸಡಿಲವಾಯಿತು, ಅದಕ್ಕೂ ಸಿಟ್ಟು ಬಂತು. ಗುಡಿಸುವುದಾದರೆ ನೆಟ್ಟಗೆ ಗುಡಿಸಲಿ!

ನಾಲ್ಕನೇ ಭಾನುವಾರದ ಹೊತ್ತಿಗೆ ಮುಂಬಾಗಿಲಿಗೆ ನೋಟೀಸು ಅಂಟಿಸಿದ್ದರು. ಬುಧವಾರ ಕೆಡವುವುದು. ಬೆಳಿಗ್ಗೆ ಅಮ್ಮನ ಹಾಸಿಗೆ ಪಕ್ಕ ಹೋಗಿ ನಿಂತೆ.

“ಮೆಟ್ಟಿಲನ್ನ ಯಾರೋ ಗುಡಿಸ್ತಿದಾರಮ್ಮ.”

“ಯಾರಾದ್ರೂ ಗುಡಿಸ್ಲಿ.”

“ಮೂಲೆ ಬಿಡ್ತಿದಾರೆ.”

ಅಮ್ಮ ಈ ಕಡೆ ತಿರುಗಿದಳು. ಆಮೇಲೆ ಹೊದಿಕೆ ಸರಿಸಿದಳು. “ಮೂಲೆ ಬಿಡ್ತಾರಾ? ಮತ್ತೆ ಗುಡಿಸೋದು ಅಂತ ಯಾಕೆ ಕರೀಬೇಕು ಅದನ್ನ? ಎಲ್ಲಿ, ಮಂಡಿ ಪಟ್ಟಿ ಕೊಡೇ.”

ನಾನು ಪೊರಕೆ ತೆಗೆದುಕೊಂಡೆ. ಹೋಗುವ ದಾರಿಯಲ್ಲಿ ಅಂಗಡಿಯ ಬಾಗಿಲು ಅರ್ಧ ಎತ್ತಿ, ಮೊಳೆಯಲ್ಲಿದ್ದ ಕೀಯನ್ನೂ ತೆಗೆದು ಜೇಬಿಗೆ ಹಾಕಿಕೊಂಡೆ.

ಮೆಟ್ಟಿಲ ಮೇಲೆ ಅವನಿದ್ದ. ಹೊಸ ಪೊರಕೆ, ಅದರ ಕಟ್ಟನ್ನೂ ಸರಿಯಾಗಿ ಬಿಗಿದಿರಲಿಲ್ಲ. ನಮ್ಮನ್ನು ನೋಡಿ ಪೊರಕೆ ಬೆನ್ನ ಹಿಂದೆ ಅಡಗಿಸಿದ. ನೇರ ಅಮ್ಮನ ಮುಂದೆ ಬಂದು ನಿಂತ.

“ಅಮ್ಮಾ, ತಪ್ಪಾಯ್ತು.”

“ತಪ್ಪು ಗಿಪ್ಪು ಆಮೇಲೆ,” ಎಂದಳು ಅಮ್ಮ. “ಪೊರಕೆ ಹಿಡಿಯೋದು ಹಾಗಲ್ಲ.”

“ಸಿನಿಮಾ ವಾಪಸ್ ತಗೊಂಡೆ,” ಎಂದ ನನ್ನ ಕಡೆ ತಿರುಗಿ. “ಹೊರದೇಶದ ಒಂದು ಚಿತ್ರೋತ್ಸವಕ್ಕೆ ಆಯ್ಕೆ ಆಗಿತ್ತು. ಬೇಡ ಅಂತ ಬರೆದುಬಿಟ್ಟೆ. ಇನ್ನು ಅದನ್ನ ಯಾರೂ ನೋಡಲ್ಲ.”

ಅವನು ಅಂದುಕೊಂಡಿರಬೇಕು, ಇದನ್ನು ಕೇಳಿ ನಾನು ಕರಗಿಹೋಗುತ್ತೇನೆಂದು. ನನಗೆ ನೆತ್ತಿಗೇರಿತು.

“ಭಲೇ! ಮೊದಲು ನಮ್ಮನ್ನ ಅಳಿಸಿದೆ. ಈಗ ಕೊಳಾನೂ ಅಳಿಸಿದೆ. ಬುಧವಾರ ಇದೂ ಇರಲ್ಲ, ನಿನ್ನ ಸಿನಿಮಾನೂ ಇರಲ್ಲ, ಆಯ್ತಲ್ಲ, ಪೂರ್ತಿ ಸ್ವಚ್ಛ! ನಿನಗೆ ಯಾರು ಬಾಯಿ ಮುಚ್ಕೋ ಅಂದ್ರು? ನಿಜ ಹೇಳು ಅಂದೆ. ಅಷ್ಟೇ ಅಂದಿದ್ದು.”

ಅವನು ತಲೆ ತಗ್ಗಿಸಿದ. “ಅಮ್ಮನ ಆರು ಗಂಟೆ ಹಾಗೇ ಇದೆ. ಅದನ್ನ ಹಾಕಿ ಮೊದಲಿಂದ ಮತ್ತೆ ಮಾಡಬಹುದು. ಆದ್ರೆ ಧೂಳಿಲ್ಲದ ಕೊಳದ್ದು ನನ್ನ ಹತ್ರ ಒಂದು ಶಾಟೂ ಇಲ್ಲ. ದಿನಾ ಧೂಳು ಹಾಕಿ ಶೂಟ್ ಮಾಡಿದೆ, ಕ್ಯಾಮೆರಾ ಒಳಗಿಟ್ಟು ಆಮೇಲೆ ಗುಡಿಸಿದೆ. ಮೂರು ತಿಂಗಳು ಇಲ್ಲಿ ನಿಜವಾಗಿ ನಡೀತಿದ್ದಿದ್ದು ಗುಡಿಸೋದೇ. ಅದೊಂದನ್ನ ಬಿಟ್ಟು ಎಲ್ಲಾ ತೆಗೆದಿದೀನಿ.”

“ಕ್ಯಾಮೆರಾ ಎಲ್ಲಿ?”

“ಬ್ಯಾಗಲ್ಲಿದೆ.”

“ಕೊಡು ಇಲ್ಲಿ.”

ಹೊಸ ಬೀಗ ತೆಗೆದೆ. ಒಳಗೆ ನಾಲ್ಕು ವಾರದ ಧೂಳು ಬಿದ್ದಿತ್ತು. ನಿಜವಾದ ಧೂಳು ಅವನ ಧೂಳಿನಷ್ಟು ಚೆಂದವಿರಲಿಲ್ಲ. ಅಲ್ಲಲ್ಲಿ ಗುಪ್ಪೆ, ಅಲ್ಲಲ್ಲಿ ಏನೂ ಇಲ್ಲ, ನಡುವೆ ಪಾರಿವಾಳದ ಪುಕ್ಕ. ಅಮ್ಮ ಬಾಗಿಲಲ್ಲಿ ಒಂದು ಗಳಿಗೆ ನಿಂತಳು. ಆಮೇಲೆ ತನ್ನ ಬೆಂಚಿಗೆ ಹೋಗಿ, ಅಂಗೈಯಿಂದ ಅದನ್ನು ಒರೆಸಿ ಕೂತಳು.

“ಶುರು ಮಾಡಪ್ಪ. ಮೂಲೆಯಿಂದ.”

ಯಾವ ಗುಂಡಿ ಒತ್ತಬೇಕೆಂದು ಅವನು ತೋರಿಸಿಕೊಟ್ಟ. ನನ್ನ ಬೆರಳ ಮೇಲೆ ಅವನ ಬೆರಳು ಬೇಕಾದ್ದಕ್ಕಿಂತ ಒಂದು ಗಳಿಗೆ ಹೆಚ್ಚೇ ನಿಂತಿತು. ನಾನು ಕ್ಯಾಮೆರಾವನ್ನೇ ನೋಡಿದೆ, ಸಿಟ್ಟಿನಲ್ಲಿದ್ದೆನಲ್ಲ. ಅವನು ಗುಡಿಸಿದ. ಮೂರು ಗಂಟೆ ಗುಡಿಸಿದ. ಬೆಂಚಿನ ಅಡಿ, ಲಾಕರುಗಳ ಸಂದಿ, ಕೊಳದ ಮೆಟ್ಟಿಲು. ಅಮ್ಮ ಕೂತಲ್ಲಿಂದಲೇ “ಅಲ್ಲಲ್ಲ, ನಿನ್ನ ಕಡೆಗೆ ಎಳ್ಕೋ,” “ಅದನ್ನ ಯಾರು ನಿನ್ನ ಮಾವ ತೆಗೀತಾನಾ?” ಎಂದು ಗದರಿದಳು. ಬರಬರುತ್ತ ಅವಳ ದನಿ ಹಳೆಯ ದನಿಯಾಯಿತು. ಲಾಕರ್ ಕೋಣೆಯಲ್ಲಿ ಒದ್ದೆಗಾಲಲ್ಲಿ ಓಡುವ ಮಕ್ಕಳನ್ನು ಗದರುತ್ತಿದ್ದ ದನಿ ಅದು. ನಾನು ಒಂದು ಕಣ್ಣು ಮುಚ್ಚಿಕೊಂಡು ಎಲ್ಲವನ್ನೂ ನೋಡಿದೆ. ಹೀಗೆ ನೋಡಿದರೆ ಧೈರ್ಯ ಬರುತ್ತದೆ ಎಂದು ಆಗ ಗೊತ್ತಾಯಿತು.

ಕೊನೆಗೆ ಡೈವಿಂಗ್ ಹಲಗೆಯ ಕೆಳಗೆ ಬಂದ. ಬೆವರು ಒರೆಸಿಕೊಂಡು, ಪೊರಕೆ ಊರಿ, ಕ್ಯಾಮೆರಾವನ್ನು ನೋಡಿದ. ಎರಡೂ ಕಣ್ಣು ತೆರೆದಿದ್ದವು.

“ಆವತ್ತು ಕೇಳಿದ್ರು, ಹೆಜ್ಜೆ ಯಾರದು ಅಂತ. ನಂಗೆ ಗೊತ್ತಿತ್ತು. ಇವಳದು ಅಂದಿದ್ರೆ ಇವಳು ಯಾರು ಅಂತ ಹೇಳಬೇಕಿತ್ತು. ಧೂಳು ನಂದು ಅಂತ ಹೇಳಬೇಕಿತ್ತು. ಆಮೇಲೆ, ಮೂರು ತಿಂಗಳು ನಾನು ದಿನಾ ಬಂದಿದ್ದು ಸಿನಿಮಾಗಲ್ಲ, ಸಂಜೆ ಇವಳ ಹತ್ರ ಬೈಸಿಕೊಂಡು ಗುಡಿಸೋಕೆ ಅಂತಾನೂ ಹೇಳಬೇಕಿತ್ತು. ಎಂಬತ್ತು ಜನರ ಮುಂದೆ ಹೆದರಿಬಿಟ್ಟೆ. ಈಗ ಹೇಳ್ತೀನಿ. ನಂಗೆ ನೀನು ಬೇಕು. ಈ ಕೊಳ ಹೋದ ಮೇಲೂ ಭಾನುವಾರ ಬೆಳಿಗ್ಗೆ ಏಳಕ್ಕೆ ನಿನ್ನ ಬೈಗುಳ ಬೇಕು.”

ನಾನು ಮುಚ್ಚಿದ್ದ ಕಣ್ಣನ್ನೂ ತೆರೆದೆ.

“ರೆಕಾರ್ಡ್ ಆಗಿಲ್ಲ,” ಎಂದೆ. “ಗುಂಡಿ ಒತ್ತೋದು ಮರೆತೆ. ಇನ್ನೊಂದ್ಸಲ ಹೇಳು.”

ಅವನ ಮುಖ ಮೊದಲ ದಿನ ಹೆಜ್ಜೆ ಬಿದ್ದಾಗ ಆದ ಹಾಗಾಯಿತು. ಪಾಪ, ಮೊದಲಿಂದ ಶುರು ಮಾಡಿದ. “ಆವತ್ತು ಕೇಳಿದ್ರು, ಹೆಜ್ಜೆ ಯಾರದು ಅಂತ...”

“ಕೆಂಪು ದೀಪ ಆವಾಗಿಂದ ಉರೀತಾನೇ ಇದೆ,” ಎಂದಳು ಅಮ್ಮ ಬೆಂಚಿನಿಂದ. “ನಂಗೂ ಕೇಳಿಸ್ತು.”

ಅವನು ನಕ್ಕ. ಮೂರು ತಿಂಗಳಲ್ಲಿ ಹಾಗೆ ನಕ್ಕದ್ದು ನಾನು ನೋಡಿರಲಿಲ್ಲ. ನಾನು ಕ್ಯಾಮೆರಾವನ್ನು ಅಮ್ಮನ ಪಕ್ಕದಲ್ಲಿಟ್ಟು ಅವನ ಹತ್ತಿರ ಹೋದೆ. ಜೇಬಿನಿಂದ ಕೀ ತೆಗೆದು ಅವನ ಧೂಳುಗೈಯ ಮೇಲಿಟ್ಟೆ.

“ಯಾವ ಬಾಗಿಲದು ಇದು?”

“ನಿಮ್ಮನೇದು. ಒಂದು ಅಗಲ ಹಲ್ಲು, ಒಂದು ಸಣ್ಣದು. ನೀನೇ ಹೇಳಿದ್ದಲ್ವಾ?”

ಅವನು ಅದನ್ನು ತಿರುಗಿಸಿ ನೋಡಿದ. ಸೊಟ್ಟ ಹಿಡಿಯ ಮೇಲೆ ಹೆಬ್ಬೆರಳು ಆಡಿಸಿದ. ಮತ್ತೊಮ್ಮೆ ಆಡಿಸಿದ. ಆಮೇಲೆ ಅಲ್ಲೇ ಗೋಡೆಗೊರಗಿ ನೆಲದ ಮೇಲೆ ಕೂತ.

“ನೀಲಿ,” ಎಂದ ಮೆಲ್ಲಗೆ. “ಬಾಗಿಲು ನೀಲಿ ಇತ್ತು. ಈ ಕೀ ಹಾಕ್ತಿದ್ದ ಕಡೆ ಬಣ್ಣ ಕಿತ್ತಿತ್ತು. ಅಮ್ಮಂಗೆ ಹೇಳಬೇಕು.”

ಅವನ ಕಣ್ಣು ತುಂಬಿತ್ತು. ನನ್ನದೂ ಹಾಗೇ ಆಯಿತು. ಅದಕ್ಕೆ ಬಯ್ಯಲು ಯಾರೂ ಸಿಗಲಿಲ್ಲ.

“ಜೊತೆಗೆ ಜರಡಿ ವಿಷಯಾನೂ ಹೇಳು,” ಎಂದು ಕೈ ಚಾಚಿದೆ. “ಈಗ ಏಳು ಮೇಲೆ. ನೀನು ಕೂತಿರೋ ಮೂಲೆ ಇನ್ನೂ ಗುಡಿಸಿಲ್ಲ.”

ಅವನು ನನ್ನ ಕೈ ಹಿಡಿದು ಎದ್ದ. ಕೈ ಬಿಡಲಿಲ್ಲ. ಪೊರಕೆಯನ್ನು ನಾನೇ ಎತ್ತಿಕೊಂಡು ಆ ಮೂಲೆ ಗುಡಿಸಿದೆ.